ಫಿಶ್ ಟ್ಯಾಂಕಿಗೆ ಯಾವ ಆಟೊ ವಾಟರ್ ಚೇಂಜ್? ಕೈಕೊಟ್ಟಾಗ ಎಷ್ಟು ನೀರು ಹೋಗುತ್ತದೆಂದು ನೋಡಿ ಆರಿಸಿ

ತಾನಾಗಿ ನೀರು ಬದಲಿಸುವ ಸಲಕರಣೆಯನ್ನು ಅಂಗಡಿಯಲ್ಲಿ ತೋರಿಸುವಾಗ ಆ್ಯಪ್, ಟೈಮರ್, ದಿನಕ್ಕೆ ಇಷ್ಟು ಲೀಟರ್ ಎಂಬ ಲೆಕ್ಕವೇ ಮುಂದೆ ಬರುತ್ತದೆ. ಕೊಳ್ಳುವವರು ಮೊದಲು ಕೇಳಬೇಕಾದದ್ದು ಬೇರೆ: ಇದರ ಒಂದು ಭಾಗ ಕೆಟ್ಟು, ಆ ಹೊತ್ತಿಗೆ ಮನೆಗೆ ಬೀಗ ಹಾಕಿದ್ದರೆ, ಎಷ್ಟು ಲೀಟರ್ ನೀರು ಎಲ್ಲಿಗೆ ಹರಿಯುತ್ತದೆ? ಮೂರನೇ ಮಹಡಿಯ ಫ್ಲ್ಯಾಟಿನಲ್ಲಿ ಇದಕ್ಕೆ ಉತ್ತರ ಕೆಳಗಿನ ಮನೆಯವರ ಸೀಲಿಂಗ್ ಮೇಲೆ ಕಾಣಿಸಿಕೊಳ್ಳುತ್ತದೆ. ಟ್ಯಾಂಕಿನೊಳಗಿನ ಮೀನಿಗಂತೂ ತಪ್ಪಿಸಿಕೊಳ್ಳಲು ಬೇರೆ ಜಾಗವೇ ಇಲ್ಲ. ಹಾಗಾಗಿ ಇಲ್ಲಿ ನಾಲ್ಕು ಬಗೆಯ ಸಲಕರಣೆಗಳನ್ನು ಅವು ಕೈಕೊಡುವ ರೀತಿಯಿಂದಲೇ ಹೋಲಿಸಿದ್ದೇವೆ.

ಮೊದಲು ಒಂದು ಸಣ್ಣ ಲೆಕ್ಕ

ಟ್ಯಾಂಕಿನ ಉದ್ದ ಮತ್ತು ಅಗಲವನ್ನು ಸೆಂ.ಮೀ.ನಲ್ಲಿ ಗುಣಿಸಿ 1000ದಿಂದ ಭಾಗಿಸಿ. ಬರುವ ಸಂಖ್ಯೆಯೇ ಒಂದು ಸೆಂ.ಮೀ. ಎತ್ತರಕ್ಕೆ ಹಿಡಿಯುವ ನೀರು, ಲೀಟರ್‌ನಲ್ಲಿ. 120 × 45 ಸೆಂ.ಮೀ. ತಳದ ಟ್ಯಾಂಕಿಗೆ ಇದು 5.4 ಲೀಟರ್. ನೀರಿನ ಮಟ್ಟದಿಂದ ಗಾಜಿನ ಅಂಚಿನವರೆಗೆ 5 ಸೆಂ.ಮೀ. ಖಾಲಿ ಬಿಟ್ಟಿದ್ದರೆ 27 ಲೀಟರ್ ಹೆಚ್ಚುವರಿ ನೀರನ್ನು ಆ ಟ್ಯಾಂಕು ಚೆಲ್ಲದೆ ತಾಳಿಕೊಳ್ಳುತ್ತದೆ. ಅಂಚಿನ ತನಕ ತುಂಬಿಸಿಟ್ಟ ಟ್ಯಾಂಕು ನೋಡಲು ಚೆನ್ನಾಗಿರಬಹುದು, ಆದರೆ ಅದಕ್ಕೆ ಆಟೊಮ್ಯಾಟಿಕ್ ಸಲಕರಣೆ ಜೋಡಿಸಬೇಡಿ.

ಹೊರಹೋಗುವ ಪೈಪಿಗೂ ಇದೇ ಲೆಕ್ಕ. ಅದರ ತುದಿ ನೀರಿನ ಮಟ್ಟದಿಂದ 5 ಸೆಂ.ಮೀ. ಕೆಳಗಿದ್ದರೆ, ಏನೇ ಆದರೂ 27 ಲೀಟರಿಗಿಂತ ಹೆಚ್ಚು ಖಾಲಿಯಾಗದು. ತುದಿ ತಳದಲ್ಲಿ ಬಿದ್ದಿದ್ದರೆ ಇಡೀ ಟ್ಯಾಂಕು ಖಾಲಿಯಾಗಬಹುದು. ಪೈಪು ಒಳಗೆ ಜಾರದಂತೆ ಕ್ಲಿಪ್ ಹಾಕಿ ಗಾಜಿಗೆ ಬಿಗಿಯಿರಿ. ಹೀಟರ್ ಇದ್ದರೆ ಅದರ ಮೇಲ್ತುದಿಯೂ ಫಿಲ್ಟರಿನ ಬಾಯಿಯೂ ಈ ಮಟ್ಟಕ್ಕಿಂತ ಕೆಳಗಿರಲಿ.

ಒಂದು: ಎರಡು ಚಾನೆಲ್ಲಿನ ಪೆರಿಸ್ಟಾಲ್ಟಿಕ್ ಪಂಪು

ರೋಲರ್ ತಿರುಗುತ್ತಾ ಮೆತ್ತನೆಯ ಟ್ಯೂಬನ್ನು ಒತ್ತಿ ನೀರು ತಳ್ಳುವ ಪಂಪಿದು. ಒಂದು ಚಾನೆಲ್ ಹಳೆ ನೀರನ್ನು ಹೊರಗೆ, ಇನ್ನೊಂದು ಹೊಸ ನೀರನ್ನು ಒಳಗೆ ಸಾಗಿಸುತ್ತದೆ. ಕರೆಂಟ್ ಹೋದರೆ ರೋಲರ್ ಟ್ಯೂಬನ್ನು ಒತ್ತಿಕೊಂಡೇ ನಿಲ್ಲುವುದರಿಂದ ಸೈಫನ್ ಆಗಿ, ಅಂದರೆ ಪಂಪು ನಿಂತ ಮೇಲೂ ಪೈಪಿನಲ್ಲಿ ತಾನಾಗಿ, ನೀರು ಹರಿಯುವ ಸಂಭವ ಕಡಿಮೆ. ಫ್ಲ್ಯಾಟಿನಲ್ಲಿರುವವರಿಗೆ ನಮ್ಮ ಮೊದಲ ಶಿಫಾರಸು ಇದೇ.

ಇದರ ದೋಷ ನಿಧಾನವಾಗಿ ಬರುತ್ತದೆ. ಟ್ಯೂಬ್ ಸವೆದಂತೆ ಎರಡು ಚಾನೆಲ್‌ಗಳ ಹರಿವು ಬೇರೆಯಾಗುತ್ತದೆ. ದಿನಕ್ಕೆ 10 ಲೀಟರ್ ಬದಲಿಸುವಾಗ ಶೇ. 5ರಷ್ಟು ವ್ಯತ್ಯಾಸ ಬಂದರೆ ಅದು ಅರ್ಧ ಲೀಟರ್. ಹತ್ತು ದಿನಕ್ಕೆ 5 ಲೀಟರ್, ಅಂದರೆ ಮೇಲಿನ ಟ್ಯಾಂಕಿನಲ್ಲಿ ಸುಮಾರು ಒಂದು ಸೆಂ.ಮೀ. ಏರುಪೇರು. ಇದನ್ನು ತಪ್ಪಿಸುವ ಸುಲಭ ಉಪಾಯವೊಂದಿದೆ: ಹೊರಹೋಗುವ ಟ್ಯೂಬಿನ ತುದಿಯನ್ನು ಸರಿಯಾಗಿ ನೀರಿನ ಮಟ್ಟದಲ್ಲೇ ಕಟ್ಟಿ, ಆ ಚಾನೆಲ್ಲನ್ನು ಒಳಬರುವುದಕ್ಕಿಂತ ಶೇ. 10ರಷ್ಟು ಹೆಚ್ಚು ಹೊತ್ತು ಓಡಿಸಿ. ಮಟ್ಟ ಇಳಿದ ಕೂಡಲೇ ಟ್ಯೂಬು ಗಾಳಿ ಎಳೆಯುತ್ತದೆ, ನೀರು ಅಲ್ಲಿಗೇ ನಿಲ್ಲುತ್ತದೆ.

ಹೊಸ ನೀರಿಗೆ 20 ಲೀಟರಿನ ವಾಟರ್ ಕ್ಯಾನನ್ನೇ ಬಳಸಿ. ಪಂಪು ಹುಚ್ಚೆದ್ದು ಓಡಿದರೂ ಒಳಗೆ ಬರುವುದು 20 ಲೀಟರ್, ಟ್ಯಾಂಕಿನಲ್ಲಿರುವ ಖಾಲಿ ಜಾಗ 27 ಲೀಟರ್. ಈ ಒಂದು ಏರ್ಪಾಟು ಎಷ್ಟೋ ಸೆನ್ಸರ್‌ಗಳಿಗಿಂತ ಗಟ್ಟಿ. ಬಳಸಿದ ನೀರು ಬೀಳುವ ಬಕೆಟ್ ಮಾತ್ರ ಕ್ಯಾನಿಗಿಂತ ದೊಡ್ಡದಿರಬೇಕು. 25 ಲೀಟರಿನದಾದರೆ ಸರಿ, ಕ್ಯಾನ್ ತುಂಬಿಸುವಾಗಲೆಲ್ಲ ಬಕೆಟ್ಟನ್ನೂ ಖಾಲಿ ಮಾಡಬೇಕು. ಟ್ಯೂಬ್ ಒಡೆದರೆ ನೀರು ಪಂಪಿನ ಡಬ್ಬಿಯೊಳಗೇ ಸೋರುತ್ತದೆ, ಹಾಗಾಗಿ ಪಂಪನ್ನು ಪ್ಲಗ್ ಬೋರ್ಡಿನ ಮೇಲ್ಗಡೆ ತೂಗುಹಾಕಬೇಡಿ. ಸವೆದ ಟ್ಯೂಬು ಚಪ್ಪಟೆಯಾಗಿ ಮಬ್ಬಾಗುತ್ತದೆ. ಅಷ್ಟರಲ್ಲಿ ಬದಲಿಸಿ, ಎರಡನ್ನೂ ಒಟ್ಟಿಗೆ.

ಎರಡು: ಹನಿ ವ್ಯವಸ್ಥೆ ಮತ್ತು ಓವರ್‌ಫ್ಲೋ

ತೋಟಕ್ಕೆ ಹಾಕುವ ಡ್ರಿಪ್ಪರ್ ಮೂಲಕ ಸದಾ ಹನಿ ನೀರು ಬೀಳುತ್ತಿರುತ್ತದೆ, ಟ್ಯಾಂಕಿಗೆ ತೂತು ಕೊರೆದು ಕೂರಿಸಿದ ಓವರ್‌ಫ್ಲೋ ಪೈಪಿನಿಂದ ಹೆಚ್ಚಿನದು ಹೊರಹೋಗುತ್ತದೆ. ಮೋಟರ್ ಇಲ್ಲ, ಕರೆಂಟ್ ಬೇಡ. ಗಂಟೆಗೆ 2 ಲೀಟರಿನ ಡ್ರಿಪ್ಪರ್ ದಿನಕ್ಕೆ 48 ಲೀಟರ್ ಕೊಡುತ್ತದೆ. ಹೊಸ ನೀರು ಹಳೆಯದರೊಂದಿಗೆ ಬೆರೆತು ಹೊರಹೋಗುವುದರಿಂದ 200 ಲೀಟರಿನ ಟ್ಯಾಂಕಿನಲ್ಲಿ ನಿಜವಾಗಿ ಬದಲಾಗುವುದು ಶೇ. 21ರಷ್ಟು. ಡ್ರಿಪ್ಪರಿನ ಮೇಲೆ ಬರೆದಿರುವ ಅಳತೆ ಸಾಮಾನ್ಯವಾಗಿ 1 ಬಾರ್ ಒತ್ತಡಕ್ಕೆ ಹೇಳಿದ್ದು. ಓವರ್‌ಹೆಡ್ ಟ್ಯಾಂಕಿನಿಂದ ಮೂರು ಮೀಟರ್ ಕೆಳಗೆ ಸಿಗುವುದು ಸುಮಾರು 0.3 ಬಾರ್ ಮಾತ್ರ. ಆದ್ದರಿಂದ ಬಾಟಲಿ ಹಿಡಿದು ಒಂದು ಗಂಟೆ ಅಳೆದೇ ಲೆಕ್ಕ ಹಾಕಿ.

ಓವರ್‌ಫ್ಲೋ ಬಾಯಿಗೆ ಎಲೆಯೋ ಬಸವನಹುಳುವೋ ಸಿಕ್ಕಿ ಮುಚ್ಚಿಕೊಂಡರೆ ಏನು? ಗಂಟೆಗೆ 2 ಲೀಟರಿನಂತೆ 27 ಲೀಟರ್ ತುಂಬಲು ಹದಿಮೂರು ಗಂಟೆಗಿಂತ ಹೆಚ್ಚು ಬೇಕು. ರಾತ್ರಿ ಮುಚ್ಚಿಕೊಂಡರೆ ಬೆಳಗ್ಗೆ ಎದ್ದಾಗ ಸಿಕ್ಕಿಬೀಳುತ್ತದೆ. ದೋಷ ನಿಧಾನವಾಗಿದ್ದಷ್ಟೂ ಮನುಷ್ಯರಿಗೆ ಸಮಯ ಸಿಗುತ್ತದೆ ಎನ್ನುವುದೇ ಇದರ ದೊಡ್ಡ ಗುಣ. ಸ್ವಂತ ಮನೆ, ಹತ್ತಿರದಲ್ಲೇ ಚರಂಡಿ ಪೈಪು, ಟ್ಯಾಂಕು ಕೊರೆಯಲು ಒಪ್ಪಿಗೆ ಇದ್ದವರಿಗೆ ಇದು ಒಳ್ಳೆಯದು. ಟಫನ್ಡ್ ಗಾಜಿಗೆ ಮಾತ್ರ ಡ್ರಿಲ್ ತಾಗಿಸಬೇಡಿ, ಪುಡಿಪುಡಿಯಾಗುತ್ತದೆ.

ನೀರು ವ್ಯರ್ಥವಾಗುವುದು ಇದರ ಕೊರತೆ. 2024ರ ಮಾರ್ಚ್‌ನಲ್ಲಿ ಬೆಂಗಳೂರು ಜಲಮಂಡಳಿ ಕಾರು ತೊಳೆಯಲು, ತೋಟಕ್ಕೆ ಹಾಕಲು ಕುಡಿಯುವ ನೀರು ಬಳಸಿದರೆ 5000 ರೂಪಾಯಿ ದಂಡ ಎಂದಿತ್ತು. ಇಂಥ ಊರಿನಲ್ಲಿ ದಿನಕ್ಕೆ 48 ಲೀಟರ್ ಮೋರಿಗೆ ಬಿಡುವುದು ಸರಿಯಲ್ಲ. ಹನಿಯನ್ನು ದಿನಕ್ಕೆ 10–15 ಲೀಟರಿಗೆ ಇಳಿಸಿ, ಹೊರಬಂದ ನೀರನ್ನು ಕುಂಡಗಳಿಗೋ ಬಾತ್‌ರೂಮಿನ ಬಕೆಟ್ಟಿಗೋ ತಿರುಗಿಸಿ. ನೈಟ್ರೇಟ್ ಇರುವ ಈ ನೀರು ಗಿಡಗಳಿಗೆ ಇಷ್ಟ.

ಮೂರು: ಎರಡು ಸಬ್‌ಮರ್ಸಿಬಲ್ ಪಂಪು, ಫ್ಲೋಟ್ ಸ್ವಿಚ್, ಸ್ಮಾರ್ಟ್ ಪ್ಲಗ್

ಒಂದು ಪಂಪು ಹಳೆ ನೀರನ್ನು ಹೊರಗೆ, ಇನ್ನೊಂದು ಹೊಸದನ್ನು ಒಳಗೆ ಹಾಕುತ್ತದೆ, ನೀರಿನೊಂದಿಗೆ ಮೇಲೇಳುವ ಫ್ಲೋಟ್ ಸರಿಯಾದ ಮಟ್ಟಕ್ಕೆ ಪಂಪು ನಿಲ್ಲಿಸುತ್ತದೆ. ಖರ್ಚು ಕಡಿಮೆಯೆಂದು ಹೆಚ್ಚು ಜನ ಮಾಡಿಕೊಳ್ಳುವುದು ಇದನ್ನೇ, ಹೆಚ್ಚು ರೀತಿಯಲ್ಲಿ ಕೈಕೊಡುವುದೂ ಇದೇ. ಫ್ಲೋಟಿನ ಕಡ್ಡಿಗೆ ಪಾಚಿ ಹಿಡಿದು ಮೇಲೇಳದೆ ಉಳಿಯುತ್ತದೆ. ಮೋಟರ್ ಆನ್-ಆಫ್ ಆದಾಗಲೆಲ್ಲ ಹಾರುವ ಕಿಡಿಗೆ ಪ್ಲಗ್ಗಿನೊಳಗಿನ ಸ್ವಿಚ್ಚಾದ ರಿಲೇಯ ಕಾಂಟ್ಯಾಕ್ಟ್ ಅಂಟಿಕೊಂಡರೆ, ಆ್ಯಪ್‌ನಲ್ಲಿ ಆಫ್ ಎಂದು ಕಂಡರೂ ಪಂಪು ಓಡುತ್ತಲೇ ಇರುತ್ತದೆ. ಕರೆಂಟ್ ಬಂದು ಹೋಗಿ ಮಾಡಿದಾಗ ಕೆಲವು ಪ್ಲಗ್‌ಗಳು ಹಿಂದಿನ ಸ್ಥಿತಿಗೆ, ಅಂದರೆ ಆನ್‌ಗೆ, ಮರಳುತ್ತವೆ. ಅಷ್ಟರಲ್ಲಿ ವೈಫೈ ರೌಟರ್ ಇನ್ನೂ ಎದ್ದಿರುವುದಿಲ್ಲ, ನಿಲ್ಲಿಸುವ ಆದೇಶ ತಲುಪುವುದಿಲ್ಲ.

ಇದನ್ನೇ ಮಾಡುವುದಾದರೆ ಇವಿಷ್ಟನ್ನು ಬಿಡಬೇಡಿ. ಕರೆಂಟ್ ಮರಳಿದಾಗ ಆಫ್ ಇರುವಂತೆ ಪ್ಲಗ್ಗಿನ ಸೆಟ್ಟಿಂಗ್ ಬದಲಿಸಿ. ಸಮಯದ ಮಿತಿಯನ್ನು ಪ್ಲಗ್ಗಿನೊಳಗಿನ ಕೌಂಟ್‌ಡೌನ್‌ನಲ್ಲಿ ಇಡಿ, ಮೊಬೈಲಿನಲ್ಲಲ್ಲ. ನಿತ್ಯದ ಫ್ಲೋಟಿಗಿಂತ 2 ಸೆಂ.ಮೀ. ಮೇಲೆ ಇನ್ನೊಂದು ಫ್ಲೋಟ್ ಕೂರಿಸಿ, ಒಳಗೆ ತುಂಬುವ ಪಂಪಿನ ಕರೆಂಟ್ ಇವೆರಡನ್ನೂ ದಾಟಿಯೇ ಹೋಗುವಂತೆ ಸಾಲಾಗಿ ಜೋಡಿಸಿ. ಇದಕ್ಕೆ 12 ಅಥವಾ 24 ವೋಲ್ಟಿನ ಡಿಸಿ ಪಂಪೇ ಸುರಕ್ಷಿತ. ಸಣ್ಣ ಫ್ಲೋಟ್ ಸ್ವಿಚ್‌ಗಳಲ್ಲಿ 230 ವೋಲ್ಟ್ ಹರಿಸಲೇಬಾರದು. ಇನ್ನು, ಪಂಪು ನಿಂತ ಮೇಲೂ ಪೈಪಿನಲ್ಲಿ ನೀರು ಹರಿಯುತ್ತಲೇ ಇರಬಹುದು. ಒಳಬರುವ ಪೈಪಿನ ತುದಿಯನ್ನು ನೀರಿನ ಮೇಲೆಯೇ ನಿಲ್ಲಿಸಿದರೆ ಟ್ಯಾಂಕಿನ ನೀರು ಕ್ಯಾನಿಗೆ ವಾಪಸ್ ಇಳಿಯುವುದಿಲ್ಲ. ಹೊರಹೋಗುವ ಪೈಪಿಗೆ ನೀರಿನ ಮಟ್ಟದಿಂದ ತುಸು ಕೆಳಗೆ 3 ಮಿ.ಮೀ. ತೂತು ಮಾಡಿದರೆ ಮಟ್ಟ ಅಲ್ಲಿಗಿಳಿದಾಗ ಗಾಳಿ ಹೊಕ್ಕು ಸೈಫನ್ ಮುರಿಯುತ್ತದೆ. ಆ ತೂತಿಗೆ ಪಾಚಿ ಕಟ್ಟುತ್ತದೆ, ತಿಂಗಳಿಗೊಮ್ಮೆ ಟೂತ್‌ಪಿಕ್ ಆಡಿಸಿ.

ನಾಲ್ಕು: ನಲ್ಲಿಗೇ ಜೋಡಿಸಿದ ಸೊಲೆನಾಯ್ಡ್ ವಾಲ್ವ್

ಕರೆಂಟ್ ಕೊಟ್ಟಾಗ ತೆರೆದು, ನಿಲ್ಲಿಸಿದಾಗ ಮುಚ್ಚುವ ವಾಲ್ವಿದು. ಅರ್ಧ ಇಂಚಿನ ನಲ್ಲಿಯಿಂದ ನಿಮಿಷಕ್ಕೆ 6 ಲೀಟರ್ ಬಂದರೂ 27 ಲೀಟರ್ ತುಂಬಲು ಐದು ನಿಮಿಷ ಸಾಕು. ಅದರ ಹಿಂದಿರುವುದು ಇಡೀ ಓವರ್‌ಹೆಡ್ ಟ್ಯಾಂಕು. ಅಪಾರ್ಟ್‌ಮೆಂಟ್ ಆದರೆ ಸಾವಿರಾರು ಲೀಟರ್, ಜತೆಗೆ ಅದನ್ನು ತುಂಬುತ್ತಲೇ ಇರುವ ಮೋಟರ್. ಬಾಡಿಗೆ ಮನೆಗೆ, ಮರದ ನೆಲಹಾಸಿನ ಕೋಣೆಗೆ ಇದನ್ನು ನಾವು ಶಿಫಾರಸು ಮಾಡುವುದಿಲ್ಲ.

ಹೆಚ್ಚು ಜನರಿಗೆ ತಿಳಿಯದ ದೋಷವೊಂದು ಇದರಲ್ಲಿದೆ. ವಾಷಿಂಗ್ ಮೆಷಿನ್ ಬಗೆಯ ವಾಲ್ವ್ ನೀರಿನ ಒತ್ತಡದ ಸಹಾಯದಿಂದಲೇ ಮುಚ್ಚಿಕೊಳ್ಳುತ್ತದೆ. ಒತ್ತಡ ತೀರಾ ಕಡಿಮೆಯಾದರೆ ಒಳಗಿನ ರಬ್ಬರ್ ಪೊರೆ ಪೂರ್ತಿ ಕೂರದೆ ನೀರು ಜಿನುಗುತ್ತದೆ. ಓವರ್‌ಹೆಡ್ ಟ್ಯಾಂಕಿನ ನೇರ ಕೆಳಗಿನ, ಮೇಲಿನ ಮಹಡಿಯ ಮನೆಗಳಲ್ಲಿ ಸರಿಯಾಗಿ ಇದೇ ಪರಿಸ್ಥಿತಿ. ಅಲ್ಲಿಗೆ ಶೂನ್ಯ ಒತ್ತಡದಲ್ಲೂ ಮುಚ್ಚುವ ಡೈರೆಕ್ಟ್ ಆ್ಯಕ್ಟಿಂಗ್ ವಾಲ್ವನ್ನೇ ಕೇಳಿ ತನ್ನಿ. ಬೋರ್ ನೀರಿನ ಮರಳಿನ ಒಂದು ಕಣ ವಾಲ್ವಿನ ಬಾಯಲ್ಲಿ ಸಿಕ್ಕರೂ ಇದೇ ಗತಿ, ಆದ್ದರಿಂದ ಮುಂದೆ 5 ಮೈಕ್ರಾನಿನ ಸೆಡಿಮೆಂಟ್ ಫಿಲ್ಟರ್ ಬೇಕೇ ಬೇಕು.

ಆರ್‌ಒ ಬಿಡಿಭಾಗಗಳ ಅಂಗಡಿಯಲ್ಲಿ ಸಿಗುವ 24 ವೋಲ್ಟಿನ ವಾಲ್ವ್, ಕಾಲಿಂಚಿನ ಪೈಪು, ಎಫ್‌ಆರ್ ಎಂದು ಕರೆಯುವ ಫ್ಲೋ ರಿಸ್ಟ್ರಿಕ್ಟರ್ ಹಾಕಿದರೆ ಹರಿವು ಬಹಳ ಕುಗ್ಗುತ್ತದೆ. 300, 450 ಎಂದು ಎಫ್‌ಆರ್ ಮೇಲಿರುವುದು ನಿಮಿಷಕ್ಕೆ ಮಿ.ಲೀ., ಅದೂ ಬೂಸ್ಟರ್ ಪಂಪಿನ ಒತ್ತಡದಲ್ಲಿ. ಓವರ್‌ಹೆಡ್ ಟ್ಯಾಂಕಿನ ಒತ್ತಡಕ್ಕೆ ಇನ್ನೂ ಕಡಿಮೆ ಬರುತ್ತದೆ, ನಮಗೆ ಬೇಕಾದದ್ದೂ ಅದೇ. ಒಂದರ ಹಿಂದೊಂದು ಎರಡು ವಾಲ್ವ್ ಹಾಕಿ, ಒಂದು ಅಂಟಿಕೊಂಡರೂ ಇನ್ನೊಂದು ಮುಚ್ಚುತ್ತದೆ. ಇವೆಲ್ಲಕ್ಕೂ ಮೊದಲು ಕೈಯಿಂದ ತಿರುಗಿಸುವ ಒಂದು ಬಾಲ್ ವಾಲ್ವ್, ನೀರು ಚೆಲ್ಲಿದರೂ ಒದ್ದೆಯಾಗದೆ ತಲುಪುವ ಜಾಗದಲ್ಲಿ.

ನೀರೇ ಅಪಾಯವಾದಾಗ

ಬೆಂಗಳೂರಿಗೆ ಕಾವೇರಿ ನೀರು ನೂರು ಕಿ.ಮೀ. ದೂರದ ತೊರೆಕಾಡನಹಳ್ಳಿಯಲ್ಲಿ ಶುದ್ಧಗೊಂಡು, ಕ್ಲೋರಿನ್ ಬೆರೆತು ಬರುತ್ತದೆ. ಕುಡಿಯುವ ನೀರಿನ ಭಾರತೀಯ ಮಾನದಂಡದ ಪ್ರಕಾರ ಲೀಟರಿಗೆ ಕನಿಷ್ಠ 0.2 ಮಿ.ಗ್ರಾಂ ಕ್ಲೋರಿನ್ ಉಳಿದಿರಬೇಕು. ನಮಗೆ ಅದು ರಕ್ಷಣೆ, ಮೀನಿನ ಕಿವಿರಿಗೆ ಅದಕ್ಕಿಂತ ಕಡಿಮೆಯೂ ಹಾನಿ. ಹನಿಹನಿಯಾಗಿ ಬಂದರೆ ಟ್ಯಾಂಕಿನ ನೀರಿನಲ್ಲಿ ತೆಳುವಾಗಿ ಕರಗಿಹೋಗುತ್ತದೆ. ಮೂರನೇ ಬಗೆಯಲ್ಲಿ ಒಂದೇ ಸಲ 50 ಲೀಟರ್ ಸುರಿಯುವುದಾದರೆ ಕ್ಯಾನಿನಲ್ಲೇ ಆ್ಯಂಟಿ-ಕ್ಲೋರಿನ್ ಹಾಕಿಟ್ಟಿರಬೇಕು.

ನಲ್ಲಿಗೆ ಜೋಡಿಸಿದವರು ಅಪಾರ್ಟ್‌ಮೆಂಟಿನ ವಾಟ್ಸ್ಆ್ಯಪ್ ಗುಂಪಿನ ಮೇಲೆ ಸದಾ ಕಣ್ಣಿಟ್ಟಿರಬೇಕು. ಓವರ್‌ಹೆಡ್ ಟ್ಯಾಂಕ್ ಕ್ಲೀನಿಂಗ್ ಎಂಬ ಸಂದೇಶ ಬಂದ ದಿನ ಬ್ಲೀಚಿಂಗ್ ಪೌಡರ್ ತೊಳೆದ ನೀರು ಪೈಪಿನಲ್ಲಿ ಉಳಿದಿರುತ್ತದೆ, ಅದರಲ್ಲಿ ಕ್ಲೋರಿನ್ ನಿತ್ಯದ ಹತ್ತಾರು ಪಟ್ಟು ಇರಬಹುದು. ಹಿಂದಿನ ರಾತ್ರಿಯೇ ಬಾಲ್ ವಾಲ್ವ್ ಮುಚ್ಚಿ, ಎರಡು ದಿನ ಬಿಟ್ಟು ಕ್ಲೋರಿನ್ ಕಿಟ್‌ನಲ್ಲಿ ನೋಡಿ ತೆರೆಯಿರಿ. ಟ್ಯಾಂಕರ್ ಬರುವ ಮನೆಗಳಲ್ಲಿ ಪ್ರತಿ ಲೋಡ್ ಒಂದೊಂದು ಥರ, ಅಲ್ಲಿ ನಲ್ಲಿಗೆ ನೇರ ಜೋಡಣೆ ಬೇಡವೇ ಬೇಡ.

ಕಾವೇರಿ ಬಾರದ ದಿನ ನೆಲದಡಿಯ ಸಂಪ್‌ಗೆ ಬೋರ್ ನೀರು ಬಿಡುತ್ತಾರೆ. ಗಡಸು ನೀರಿನಿಂದ ಟ್ಯಾಂಕಿನ ಪಿಎಚ್ 7ರಿಂದ 8ಕ್ಕೆ ಏರಿದರೆ, ಅಲ್ಲಿರುವ ಅಮೋನಿಯಾದಲ್ಲಿ ವಿಷಕಾರಿಯಾದ ಪಾಲು ಸುಮಾರು ಹತ್ತು ಪಟ್ಟಾಗುತ್ತದೆ. 25 ಡಿಗ್ರಿಯಲ್ಲಿ ಪಿಎಚ್ 7 ಇದ್ದಾಗ ಅದು ಶೇ. 0.6, ಪಿಎಚ್ 8ರಲ್ಲಿ ಶೇ. 5ಕ್ಕೂ ಹೆಚ್ಚು. ಕರಗಿದ ಲವಣ ಅಳೆಯುವ ಟಿಡಿಎಸ್ ಮೀಟರ್‌ನಲ್ಲಿ ಹೊಸ ನೀರು ನಿತ್ಯದ್ದಕ್ಕಿಂತ 150–200 ಪಿಪಿಎಂ ಹೆಚ್ಚು ಕಂಡರೆ ಅಂದು ಬದಲಾವಣೆ ನಿಲ್ಲಿಸಿ. ಒಂದು ವಾರ ನೀರು ಬದಲಾಗದಿದ್ದರೆ ಮೀನಿಗೆ ಆಗುವ ತೊಂದರೆ ಇದಕ್ಕಿಂತ ಕಡಿಮೆ.

ಸಮುದ್ರದ ನೀರಿನ ಟ್ಯಾಂಕಿನವರಿಗೆ ಒಂದೇ ಮಾತು: ಬದಲಾವಣೆ ನಡೆಯುವಾಗ ಆವಿಯಾದ ನೀರು ತುಂಬುವ ಎಟಿಒ ಆಫ್ ಇರಬೇಕು. ಇಲ್ಲದಿದ್ದರೆ ಉಪ್ಪುನೀರು ಹೊರಹೋದಷ್ಟೂ ಅದು ಸಿಹಿನೀರು ಸುರಿಯುತ್ತದೆ.

ಕರೆಂಟ್: ಯಾವುದು ಯುಪಿಎಸ್ ಮೇಲೆ, ಯಾವುದು ಬೇಡ

ಗಾಳಿ ಪಂಪು ಯುಪಿಎಸ್ ಮೇಲೆ, ನೀರು ಬದಲಿಸುವ ಸಲಕರಣೆ ನೇರ ಲೈನಿನ ಮೇಲೆ. ಕರೆಂಟ್ ಇಲ್ಲದಾಗ ಮೀನಿಗೆ ಬೇಕಾದದ್ದು ಆಮ್ಲಜನಕ, ಹೊಸ ನೀರಲ್ಲ. ಒಳ-ಹೊರಗಿನ ಪಂಪುಗಳೆರಡೂ ಒಂದೇ ಬೋರ್ಡಿನಲ್ಲಿರಲಿ. ಒಂದು ಯುಪಿಎಸ್ ಮೇಲೆ, ಇನ್ನೊಂದು ಹೊರಗೆ ಎಂದಾದರೆ ಕರೆಂಟ್ ಹೋದ ಕ್ಷಣದಿಂದ ನೀರು ಒಂದೇ ದಿಕ್ಕಿಗೆ ಸಾಗುತ್ತದೆ.

ಕರೆಂಟ್ ಸೋರಿದ ಕೂಡಲೇ ಲೈನ್ ಕಡಿಯುವ 30 ಮಿಲಿಆಂಪಿಯರಿನ ಆರ್‌ಸಿಸಿಬಿ ಇಲ್ಲದ ಲೈನಿಗೆ ಟ್ಯಾಂಕಿನ ಯಾವ ಸಲಕರಣೆಯನ್ನೂ ಸಿಕ್ಕಿಸಬೇಡಿ. ಗಾಜಿನ ಟ್ಯಾಂಕಿನಲ್ಲಿ ಸೋರಿದ ಕರೆಂಟಿಗೆ ಭೂಮಿಗೆ ಹೋಗಲು ದಾರಿಯಿರುವುದಿಲ್ಲ, ನೀರಿನಲ್ಲೇ ಕಾದಿರುತ್ತದೆ. ನೀವು ಕೈ ಹಾಕಿದಾಗ ನೀವೇ ಆ ದಾರಿ. ಮನೆಯ ಮುಖ್ಯ ಆರ್‌ಸಿಸಿಬಿ ಯುಪಿಎಸ್‌ನಿಂದ ಮುಂದಿನ ಲೈನನ್ನೂ ಕಾಯುತ್ತದೆ ಎಂದು ನಂಬಬೇಡಿ. ಎಲೆಕ್ಟ್ರಿಷಿಯನ್‌ಗೆ ತೋರಿಸಿ, ಬೇಕಿದ್ದರೆ ಆ ಲೈನಿಗೆ ಬೇರೆಯದನ್ನು ಹಾಕಿಸಿ. ಟೆಸ್ಟ್ ಗುಂಡಿಯನ್ನು ತಿಂಗಳಿಗೊಮ್ಮೆ ಒತ್ತಿ. ಪ್ರತಿ ವೈರೂ ಪ್ಲಗ್ಗಿಗಿಂತ ಕೆಳಗೆ ಇಳಿದು ಮತ್ತೆ ಮೇಲೇರಲಿ, ಜಾರಿ ಬಂದ ಹನಿ ಆ ಬಾಗಿನಲ್ಲಿ ನೆಲಕ್ಕೆ ಬೀಳುತ್ತದೆ.

ಆಗಿಯೇ ಹೋದರೆ

ನೆಲದ ಮೇಲೆ ನೀರು ಕಂಡರೆ ಅದರಲ್ಲಿ ಕಾಲಿಡಬೇಡಿ. ಮೊದಲು ಮುಖ್ಯ ಎಂಸಿಬಿ ಆಫ್ ಮಾಡಿ. ಅಲ್ಲಿಗೆ ಹೋಗುವ ದಾರಿಯೇ ಒದ್ದೆಯಾಗಿದ್ದರೆ ಕೆಳಗಿನ ಮೀಟರ್ ಬೋರ್ಡಿನಲ್ಲಿ ಆಫ್ ಮಾಡಿಸಿ, ಅದೂ ಆಗದಿದ್ದರೆ ಬೆಸ್ಕಾಂನ 1912ಕ್ಕೆ ಕರೆ ಮಾಡಿ. ಮುಖ್ಯ ಎಂಸಿಬಿ ಆಫ್ ಆದರೂ ಯುಪಿಎಸ್ ಕರೆಂಟ್ ಕೊಡುತ್ತಲೇ ಇರುತ್ತದೆ, ಅದರ ಸ್ವಿಚ್ಚನ್ನೂ ಆಫ್ ಮಾಡಬೇಕು. ಗಾಬರಿಯಲ್ಲಿ ಮರೆಯುವುದು ಇದನ್ನೇ. ಆಮೇಲೆ ಬಾಲ್ ವಾಲ್ವ್ ಮುಚ್ಚಿ, ಪೈಪುಗಳನ್ನು ಟ್ಯಾಂಕಿನಿಂದ ಮೇಲಕ್ಕೆತ್ತಿ. ಎತ್ತಿದ ಕ್ಷಣವೇ ಸೈಫನ್ ನಿಲ್ಲುತ್ತದೆ.

ಟ್ಯಾಂಕು ಖಾಲಿಯಾಗಿ ಹೀಟರ್ ಹೊರಗೆ ಕಾಣುತ್ತಿದ್ದರೆ ತಕ್ಷಣ ನೀರು ಸುರಿಯಬೇಡಿ. ಕಾದ ಗಾಜಿಗೆ ತಣ್ಣೀರು ತಾಗಿದರೆ ಸಿಡಿಯುತ್ತದೆ. ಪ್ಲಗ್ ಕಿತ್ತು 20 ನಿಮಿಷ ಬಿಡಿ. ಅಷ್ಟು ಹೊತ್ತಿಗೆ ಮೀನಿಗೆ ಮೈ ಮುಳುಗುವಷ್ಟು ನೀರು, ಒಂದು ಏರ್‌ಸ್ಟೋನ್ ಇದ್ದರೆ ಸಾಕು. ನಂತರ ಗಂಟೆಗೆ 2–3 ಸೆಂ.ಮೀ. ಏರುವಂತೆ ನಿಧಾನವಾಗಿ ತುಂಬಿಸಿ. ಜನವರಿಯ ಬೆಳಗ್ಗೆ 19 ಡಿಗ್ರಿಯ 50 ಲೀಟರ್ ನೀರನ್ನು 26 ಡಿಗ್ರಿಯ 150 ಲೀಟರಿಗೆ ಸುರಿದರೆ ಟ್ಯಾಂಕು ಸುಮಾರು 24ಕ್ಕೆ ಇಳಿಯುತ್ತದೆ. ಹಾಗಾಗಿ ಸ್ವಲ್ಪ ಬಿಸಿನೀರು ಬೆರೆಸಿಕೊಳ್ಳಿ.

ನೀರು ಬದಲಾದ ಕೂಡಲೇ ಮೀನುಗಳು ಮೇಲೆ ಬಂದು ಬಾಯಿ ಬಡಿಯುತ್ತಿದ್ದರೆ, ಕಿವಿರು ಜೋರಾಗಿ ಆಡುತ್ತಿದ್ದರೆ ಕ್ಲೋರಿನ್ ಎಂದೇ ತಿಳಿದು ಕೆಲಸ ಮಾಡಿ. 10 ಗ್ರಾಂ ಹೈಪೋ ಹರಳು, ಅಂದರೆ ಸೋಡಿಯಂ ಥಯೋಸಲ್ಫೇಟ್, 100 ಮಿ.ಲೀ. ನೀರಿನಲ್ಲಿ ಕರಗಿಸಿದ ಬಾಟಲಿ ಸದಾ ಸಿದ್ಧವಿರಲಿ. ಅದರ 1 ಮಿ.ಲೀ. ಸುಮಾರು 14 ಮಿ.ಗ್ರಾಂ ಕ್ಲೋರಿನ್ನನ್ನು ಅಳಿಸುತ್ತದೆ. 200 ಲೀಟರಿನಲ್ಲಿ ಲೀಟರಿಗೆ 2 ಮಿ.ಗ್ರಾಂ ಇದೆ ಎಂದು ಹಿಡಿದರೂ 28 ಮಿ.ಲೀ. ಸಾಕು. ಹೊಸ ನೀರಿಗಷ್ಟೇ ಲೆಕ್ಕ ಹಾಕದೆ ಇಡೀ ಟ್ಯಾಂಕಿಗೆ ಹಾಕಿ, ಗಾಳಿ ಪಂಪು ಪೂರ್ತಿ ಜೋರು ಮಾಡಿ.

ಕರೆಂಟ್ ಮೂರ್ನಾಲ್ಕು ಗಂಟೆಗಿಂತ ಹೆಚ್ಚು ಹೋಗಿದ್ದರೆ ಕ್ಯಾನಿಸ್ಟರ್ ಫಿಲ್ಟರನ್ನು ನೇರವಾಗಿ ಶುರು ಮಾಡಬೇಡಿ. ಮುಚ್ಚಿದ ಡಬ್ಬಿಯೊಳಗೆ ಆಮ್ಲಜನಕ ಮುಗಿದು ನೀರು ಕೊಳೆತಿರುತ್ತದೆ. ಮುಚ್ಚಳ ತೆಗೆದಾಗ ಕೊಳೆತ ಮೊಟ್ಟೆಯ ವಾಸನೆ ಬಂದರೆ ಸಂಶಯವೇ ಇಲ್ಲ. ಆ ನೀರನ್ನು ಚೆಲ್ಲಿ, ಒಳಗಿನ ಸ್ಪಂಜಿನಂಥ ಮೀಡಿಯಾವನ್ನು ಟ್ಯಾಂಕಿನ ನೀರಿನಲ್ಲೇ ಜಾಲಿಸಿ ಹಾಕಿ.

ಆರಿಸಿದ ಮೇಲೆ

ಬಾಡಿಗೆ ಫ್ಲ್ಯಾಟಿಗೆ ಪೆರಿಸ್ಟಾಲ್ಟಿಕ್ ಮತ್ತು ವಾಟರ್ ಕ್ಯಾನ್. ಸ್ವಂತ ಮನೆಯ ನೆಲಮಹಡಿಗೆ ಹನಿ ಮತ್ತು ಓವರ್‌ಫ್ಲೋ. 500 ಲೀಟರಿಗಿಂತ ದೊಡ್ಡ ಟ್ಯಾಂಕಿದ್ದು, ದಿನವಿಡೀ ಯಾರಾದರೂ ಮನೆಯಲ್ಲಿದ್ದರೆ ಮಾತ್ರ ಪಂಪು ಅಥವಾ ಸೊಲೆನಾಯ್ಡ್ ಯೋಚಿಸಿ. ಸದಾ ಬೀಳುವ ಹನಿಯನ್ನು ಬಿಟ್ಟರೆ, ಯಾವುದೇ ಆದರೂ ಬದಲಾವಣೆಯ ಸಮಯವನ್ನು ಸಂಜೆ ಏಳರ ಸುಮಾರಿಗೆ, ಮನೆಯವರೆಲ್ಲ ಎಚ್ಚರವಿರುವಾಗ ಇಡಿ. ಮಧ್ಯರಾತ್ರಿಯ ಟೈಮರ್ ಬೇಡ.

ಮೀನಿಲ್ಲದ ಟಬ್ಬಿನಲ್ಲಿ ಮೊದಲು ಓಡಿಸಿ ನೋಡಿ. ಅರ್ಧದಲ್ಲಿ ಪ್ಲಗ್ ಕಿತ್ತು, ಹತ್ತು ನಿಮಿಷ ಬಿಟ್ಟು ಮತ್ತೆ ಹಾಕಿ: ತಾನಾಗಿ ಓಡಲು ಶುರುವಾಯಿತೇ? ಫ್ಲೋಟನ್ನು ಕೈಯಿಂದ ಕೆಳಗೆ ಒತ್ತಿ ಹಿಡಿಯಿರಿ: ಎರಡನೆಯದು ನಿಲ್ಲಿಸಿತೇ? ಓವರ್‌ಫ್ಲೋ ಬಾಯಿಗೆ ಬಟ್ಟೆ ತುರುಕಿ, ನೀರು ಎಷ್ಟು ಹೊತ್ತಿಗೆ ಅಂಚು ಮುಟ್ಟುತ್ತದೆಂದು ಗಡಿಯಾರ ಹಿಡಿದು ನೋಡಿ. ಮೂರು ತಿಂಗಳಿಗೊಮ್ಮೆ ಇದನ್ನೇ ಟ್ಯಾಂಕಿನ ಮೇಲೂ ಮಾಡಿ. ಒಂಬತ್ತು ವೋಲ್ಟ್ ಬ್ಯಾಟರಿಯ ವಾಟರ್ ಅಲಾರಂ ಒಂದನ್ನು ಸ್ಟ್ಯಾಂಡಿನ ಕೆಳಗೆ, ನೆಲಕ್ಕೆ ತಾಗುವಂತೆ ಇಟ್ಟಿರಿ.

ದಸರೆಗೋ ಬೇಸಿಗೆ ರಜೆಗೋ ಊರಿಗೆ ಹೋಗುವಾಗ ಸಲಕರಣೆಯನ್ನು ಆಫ್ ಮಾಡಿ, ಪೈಪುಗಳನ್ನು ನೀರಿನಿಂದ ಹೊರಗೆ ತೆಗೆದಿಟ್ಟೇ ಹೊರಡಿ. ಹೊರಡುವ ಎರಡು ದಿನ ಮೊದಲು ಒಂದು ಸಲ ನೀರು ಬದಲಿಸಿ, ಊಟ ಕಡಿಮೆ ಮಾಡಿದರೆ ಆರೋಗ್ಯವಾಗಿರುವ ದೊಡ್ಡ ಮೀನುಗಳು ಒಂದು ವಾರ ತಾಳುತ್ತವೆ. ಬೀಗದ ಕೈ ಇರುವ ಪಕ್ಕದ ಮನೆಯವರಿಗೆ ಮೂರು ಜಾಗ ತೋರಿಸಿಟ್ಟಿರಿ: ಎಂಸಿಬಿ, ಯುಪಿಎಸ್ ಸ್ವಿಚ್, ಬಾಲ್ ವಾಲ್ವ್.